ಬ್ರಿಟನ್ನಿನ ಪಟ್ಟಿಯಲ್ಲಿ ಪುಣೆಯ ಹೆಸರು

ಬ್ರಿಟಿಷ್ ಚೆಸ್ ಚಾಂಪಿಯನ್‌ಶಿಪ್ ಗೆದ್ದವರ ಪಟ್ಟಿ 1904ರಿಂದ ಶುರುವಾಗುತ್ತದೆ. ವರ್ಷ, ಊರು, ಗೆದ್ದವರ ಹೆಸರು, ಅಷ್ಟೇ. ಮೇಲಿನಿಂದ ಓದುತ್ತ ಬಂದರೆ 2003ರ ಎದುರು ಹೀಗಿದೆ: ಎಡಿನ್‌ಬರೋ, ಅಭಿಜಿತ್ ಕುಂಟೆ. ಕುಂಟೆ ಪುಣೆಯವರು, ಭಾರತದ ಪರವಾಗಿ ಆಡಿದವರು. ಬ್ರಿಟನ್ನಿನ ರಾಷ್ಟ್ರೀಯ ಪಟ್ಟ ಅವರಿಗೆ ದಕ್ಕಿದ್ದು ಹೇಗೆ? ಪುಣೆಯ ಚೆಸ್ ಬಗ್ಗೆ ಒಂದಿಷ್ಟು ಬರೆದಿಡೋಣ ಎಂದು ಕೂತಿದ್ದ ನನ್ನನ್ನು ಆ ಒಂದು ಸಾಲು ಬೇರೆ ದಾರಿಗೆ ಎಳೆಯಿತು.

ಅದರ ಮೇಲಿನ ಸಾಲು ನೋಡಿದೆ: 2002, ಟಾರ್ಕಿ, ಆರ್. ಬಿ. ರಮೇಶ್. ಅವರು ಚೆನ್ನೈನವರು. ಕೆಳಗಿನ ಸಾಲು: 2004, ಸ್ಕಾರ್ಬರೋ, ಜೊನಾಥನ್ ರೌಸನ್. ಅವರು ಸ್ಕಾಟ್ಲೆಂಡಿನವರು. ಆಮೇಲೆ ಆ ಪಟ್ಟಿಯಲ್ಲಿ ಭಾರತದ ಆಟಗಾರರ ಹೆಸರೇ ಇಲ್ಲ. ಎರಡು ವರ್ಷ ಬೆನ್ನುಬೆನ್ನಿಗೆ ಗೆದ್ದ ದೇಶ ಮೂರನೆಯ ವರ್ಷದಿಂದ ಪೂರ್ತಿ ಮರೆಯಾಯಿತೆಂದರೆ ಕಾರಣವನ್ನು ಆಟದಲ್ಲಿ ಹುಡುಕಬಾರದು, ನಿಯಮದಲ್ಲಿ ಹುಡುಕಬೇಕು. ಹುಡುಕಿದರೆ ಸಿಗುತ್ತದೆ. ಅಲ್ಲಿಯವರೆಗೆ ಕಾಮನ್‌ವೆಲ್ತ್ ದೇಶಗಳ ಪೌರರೆಲ್ಲರಿಗೂ ಆ ಟೂರ್ನಿಯ ಬಾಗಿಲು ತೆರೆದಿತ್ತು. 2004ರಿಂದ ಅದು ಬ್ರಿಟನ್ ಮತ್ತು ಐರ್ಲೆಂಡಿನವರಿಗೆ ಮಾತ್ರ. ಮಹಿಳೆಯರ ಪಟ್ಟಿಯನ್ನೂ ಪಕ್ಕಕ್ಕಿಟ್ಟು ನೋಡಿ: 2000ದಲ್ಲಿ ಮತ್ತು 2002ರಲ್ಲಿ ಗೆದ್ದವರು ಆಂಧ್ರದ ಕೊನೇರು ಹಂಪಿ. ಮೊದಲ ಸಲ ಗೆದ್ದಾಗ ಅವರಿಗೆ ಹದಿಮೂರು ವರ್ಷ. ಭಾರತೀಯರ ಗೆಲುವುಗಳ ಬೆನ್ನಿಗೇ ಬಾಗಿಲು ಮುಚ್ಚಿತು. ಹೀಗಾಗಿ ಆ ಪಟ್ಟ ಗೆದ್ದ ಕೊನೆಯ ಭಾರತೀಯ ಪುಣೆಯ ಕುಂಟೆ.

ಹಾಗಾದರೆ ಮೊದಲನೆಯವರು ಯಾರು? ಪಟ್ಟಿಯಲ್ಲಿ ಹಿಂದಕ್ಕೆ ಹೋದರೆ 1929ರಲ್ಲಿ, 1932ರಲ್ಲಿ, 1933ರಲ್ಲಿ ಒಂದೇ ಹೆಸರು: ಮೀರ್ ಸುಲ್ತಾನ್ ಖಾನ್. ಪಂಜಾಬಿನ ಜಮೀನುದಾರ ಸರ್ ಉಮರ್ ಹಯಾತ್ ಖಾನ್ ಅವರ ಆಶ್ರಯದಲ್ಲಿದ್ದ ಈ ಮನುಷ್ಯ, ಒಡೆಯರ ಜೊತೆ ಇಂಗ್ಲೆಂಡಿಗೆ ಹೋಗಿ, ಐದೇ ವರ್ಷದಲ್ಲಿ ಮೂರು ಸಲ ಚಾಂಪಿಯನ್ ಆದರು. ಹೇಸ್ಟಿಂಗ್ಸ್‌ನಲ್ಲಿ ಮಾಜಿ ವಿಶ್ವ ಚಾಂಪಿಯನ್ ಕಾಪಾಬ್ಲಾಂಕಾರನ್ನೇ ಸೋಲಿಸಿದರು. 1933ರ ನಂತರ ಊರಿಗೆ ಮರಳಿದವರು ಮತ್ತೆ ಅಂಥ ಟೂರ್ನಿಗಳಲ್ಲಿ ಆಡಲಿಲ್ಲ, 1966ರಲ್ಲಿ ತೀರಿಕೊಂಡರು. ವಿಶ್ವ ಚೆಸ್ ಸಂಸ್ಥೆ ಫಿಡೆ ಅವರಿಗೆ ಗೌರವ ಗ್ರ್ಯಾಂಡ್‌ಮಾಸ್ಟರ್ ಪದವಿ ಕೊಟ್ಟದ್ದು 2024ರಲ್ಲಿ. ಸುಲ್ತಾನ್ ಖಾನ್ ಇವತ್ತಿಗೂ ನಮಗೆ ಕಾಣುತ್ತಿರುವುದು ಅವರ ಇಂಗ್ಲೆಂಡಿನ ಆಟಗಳನ್ನು ಯಾರೋ ಬರೆದು, ಅಚ್ಚು ಹಾಕಿ, ಕಾಪಾಡಿದ್ದರಿಂದ. 1881ರಿಂದ ಹೊರಡುತ್ತಿರುವ ಬ್ರಿಟಿಷ್ ಚೆಸ್ ಮ್ಯಾಗಝಿನ್ ಅವರಿಗಿತ್ತು. ಊರಲ್ಲಿ ಅವರು ಆಡಿದ ಆಟಗಳಿಗೆ ಅಂಥ ಆಸರೆ ಇರಲಿಲ್ಲ.

ಕುಂಟೆಯವರ ದಾಖಲೆಗೆ ಮರಳಿದಾಗ ಈ ವ್ಯತ್ಯಾಸ ಇನ್ನೂ ಹತ್ತಿರದಿಂದ ತಟ್ಟಿತು. ದೊಡ್ಡ ಮೈಲುಗಲ್ಲುಗಳು ಸ್ಪಷ್ಟವಾಗಿವೆ. 1977ರಲ್ಲಿ ಹುಟ್ಟಿದವರು, 1997ರಲ್ಲಿ ರಾಷ್ಟ್ರೀಯ ಚಾಂಪಿಯನ್, 2000ದಲ್ಲಿ ಇನ್ನೊಮ್ಮೆ. ಅದೇ 2000ದಲ್ಲಿ ಗ್ರ್ಯಾಂಡ್‌ಮಾಸ್ಟರ್, ದೇಶಕ್ಕೆ ನಾಲ್ಕನೆಯವರು. ಅವರಿಗಿಂತ ಮೊದಲು ವಿಶ್ವನಾಥನ್ ಆನಂದ್ 1988ರಲ್ಲಿ, ದಿವ್ಯೇಂದು ಬರುವಾ 1991ರಲ್ಲಿ, ಪ್ರವೀಣ್ ಠಿಪ್ಸೆ 1997ರಲ್ಲಿ ಆ ಪದವಿ ಪಡೆದಿದ್ದರು. ಹನ್ನೆರಡು ವರ್ಷಕ್ಕೆ ನಾಲ್ಕೇ ಜನ. ಆದರೆ ಮೈಲುಗಲ್ಲುಗಳ ನಡುವಿನ ದಾರಿ? ಹುಡುಗನೊಬ್ಬ ಯಾವ ಟೂರ್ನಿಯಲ್ಲಿ ಯಾರ ಎದುರು ಸೋತು, ಎಲ್ಲಿ ಚೇತರಿಸಿಕೊಂಡು ಮೇಲೆ ಬಂದ ಎನ್ನುವುದು?

ಫಿಡೆಯ ರೇಟಿಂಗ್ ಪಟ್ಟಿಗಳು 1971ರಿಂದ ಇವೆ. 1981ರಿಂದ ವರ್ಷಕ್ಕೆರಡು ಸಲ ಬಂದವು, 2000ದಿಂದ ಮೂರು ತಿಂಗಳಿಗೊಮ್ಮೆ, 2012ರ ನಡುವಿನಿಂದ ಪ್ರತಿ ತಿಂಗಳು. ಇವತ್ತಿನ ಎಂಟು ವರ್ಷದ ಮಗುವಿನ ಏರಿಳಿತವನ್ನೂ ತಿಂಗಳು ತಿಂಗಳು ಓದಬಹುದು. ಹಳೆಯ ಪಟ್ಟಿಗಳ ಕಥೆ ಬೇರೆ. 1993ರವರೆಗೆ 2200ಕ್ಕಿಂತ ಕೆಳಗಿನ ಪುರುಷ ಆಟಗಾರರಿಗೆ ಅಲ್ಲಿ ಜಾಗವೇ ಇರಲಿಲ್ಲ. ಆ ವರ್ಷ ಮಿತಿ 2000ಕ್ಕೆ ಇಳಿಯಿತು. ಅಂದರೆ 80ರ ದಶಕದಲ್ಲಿ ಚೆಸ್ ಕಲಿತ ಭಾರತದ ಬಹುತೇಕ ಹುಡುಗರ ಮೊದಲ ವರ್ಷಗಳು ಫಿಡೆಯ ಕಣ್ಣಿಗೆ ಬಿದ್ದಿಲ್ಲ. ಆಟಗಳ ಮಟ್ಟಿಗೂ ಹೀಗೆಯೇ. ಮಾರ್ಕ್ ಕ್ರೌದರ್ ಅವರ ವಾರದ ಚೆಸ್ ವರದಿ ಅಂತರ್ಜಾಲದಲ್ಲಿ ಶುರುವಾದದ್ದು 1994ರಲ್ಲಿ. ಅಲ್ಲಿಂದೀಚಿನ ದೊಡ್ಡ ಟೂರ್ನಿಗಳ ನಡೆಗಳು ಕಂಪ್ಯೂಟರಿನಲ್ಲಿ ಸಿಗುತ್ತವೆ. ಅದಕ್ಕೂ ಹಿಂದಿನದಕ್ಕೆ ಟೂರ್ನಿಯ ಬುಲೆಟಿನ್ ಬೇಕು, ಇಲ್ಲವೇ ಆಟಗಾರ ಕೈಯಾರೆ ಬರೆದ ಸ್ಕೋರ್‌ಶೀಟ್ ಬೇಕು.

ಸ್ಕೋರ್‌ಶೀಟ್ ಬಗ್ಗೆ ಫಿಡೆ ನಿಯಮ ಒಂದು ಮಾತು ಹೇಳುತ್ತದೆ: ಅದು ಆಯೋಜಕರ ಸ್ವತ್ತು. ಆಟ ಮುಗಿದ ಮೇಲೆ ಇಬ್ಬರೂ ಸಹಿ ಹಾಕುತ್ತಾರೆ, ಮೇಲಿನ ಹಾಳೆ ತೀರ್ಪುಗಾರರ ಮೇಜಿಗೆ ಹೋಗುತ್ತದೆ, ಕಾರ್ಬನ್ ಪ್ರತಿ ಆಟಗಾರನ ಜೇಬಿಗೆ. ಟೂರ್ನಿ ಮುಗಿದು ಸಮಿತಿ ಚದುರಿದ ಮೇಲೆ ಆಯೋಜಕರ ಕಟ್ಟು ಯಾರ ಮನೆಯ ಅಟ್ಟ ಸೇರಿತೋ ಕೇಳುವವರಿಲ್ಲ. ಆದ್ದರಿಂದ ನಮ್ಮ ಚೆಸ್ ಇತಿಹಾಸ ಉಳಿದಿರುವುದು ಹೆಚ್ಚಾಗಿ ಆ ನೀಲಿ ಕಾರ್ಬನ್ ಪ್ರತಿಗಳಲ್ಲೇ. ತೀರ ಹಳೆಯವಾದರೆ ಓದುವುದಕ್ಕೂ ಒಂದಿಷ್ಟು ತಯಾರಿ ಬೇಕು. ಈಗ ನಾವು ಇ4 ಎಂದು ಬರೆಯುವುದನ್ನು ಅಲ್ಲಿ ಪಿ-ಕೆ4 ಎಂದು ಬರೆದಿರುತ್ತಾರೆ. ಈಗಿನ ಬರವಣಿಗೆಯೊಂದನ್ನೇ ಫಿಡೆ ಮಾನ್ಯ ಮಾಡಿದ್ದು 1981ರಿಂದ.

ಇಷ್ಟೆಲ್ಲ ಯಾಕೆ ಬೇಕು, ಗೆದ್ದವರ ಹೆಸರು ಸಾಲದೇ ಎಂದು ಕೇಳುವವರಿಗೆ ಪುಣೆಯದೇ ಉದಾಹರಣೆ ಕೊಡುತ್ತೇನೆ. 2009ರಲ್ಲಿ ಅರ್ಜೆಂಟೀನಾದ ಪುವೆರ್ತೊ ಮಾದ್ರಿನ್‌ನಲ್ಲಿ ಸೌಮ್ಯಾ ಸ್ವಾಮಿನಾಥನ್ ವಿಶ್ವ ಜೂನಿಯರ್ ಬಾಲಕಿಯರ ಪಟ್ಟ ಗೆದ್ದರು. ಪೆರುವಿನ ಡೇಸಿ ಕೋರಿ, ಟರ್ಕಿಯ ಬೆತೂಲ್ ಯಿಲ್ದಿಜ್ ಅವರಷ್ಟೇ ಅಂಕ ಪಡೆದಿದ್ದರು, ತೀರ್ಮಾನವಾದದ್ದು ಟೈಬ್ರೇಕ್‌ನಲ್ಲಿ. ಯಾರು ಯಾರೊಡನೆ ಆಡಿ ಎಷ್ಟು ಗಳಿಸಿದರು ಎಂಬ ಪೂರ್ತಿ ಕೋಷ್ಟಕ ಮುಂದಿದ್ದರೆ ಮಾತ್ರ ಅಂಥ ಗೆಲುವು ಎಷ್ಟು ಕೂದಲೆಳೆಯ ಅಂತರದ್ದು ಎಂದು ತಿಳಿಯುತ್ತದೆ. ಗ್ರ್ಯಾಂಡ್‌ಮಾಸ್ಟರ್ ನಾರ್ಮ್ (ಆ ಪದವಿಗೆ ಬೇಕಾದ ಅರ್ಹತಾ ಸಾಧನೆ) ಕೂಡ ಕಾಗದದ ಮೇಲೆಯೇ ನಿಂತಿದೆ. ಈಗಿನ ಲೆಕ್ಕದಲ್ಲಿ ಕನಿಷ್ಠ 9 ಆಟ, 2600 ಮಟ್ಟದ ಸಾಧನೆ, ಎದುರಾಳಿಗಳಲ್ಲಿ ಕನಿಷ್ಠ 3 ಗ್ರ್ಯಾಂಡ್‌ಮಾಸ್ಟರ್‌ಗಳು, ಬೇರೆ ದೇಶದವರು ಇಂತಿಷ್ಟು. ಅಂಥ ನಾರ್ಮ್‌ಗಳ ಜೊತೆಗೆ 2500 ರೇಟಿಂಗ್. ದೇಶದಲ್ಲಿ ಗ್ರ್ಯಾಂಡ್‌ಮಾಸ್ಟರ್‌ಗಳೇ ಬೆರಳೆಣಿಕೆಯಷ್ಟಿದ್ದ ಕಾಲದಲ್ಲಿ ಇಂಥ ಎದುರಾಳಿಗಳು ಸಿಗಬೇಕಾದರೆ ಪರದೇಶಕ್ಕೇ ಹೋಗಬೇಕಿತ್ತು. ಬ್ರಿಟಿಷ್ ಚಾಂಪಿಯನ್‌ಶಿಪ್‌ನ ತೆರೆದ ಬಾಗಿಲು ನಮ್ಮವರಿಗೆ ಎಷ್ಟು ಬೆಲೆಯದಾಗಿತ್ತು ಎಂಬುದು ಅರ್ಥವಾಗುವುದು ಇಲ್ಲೇ.

ಈ ಹುಡುಕಾಟದಲ್ಲಿ ನನಗೆ ಅತಿ ಸಂತೋಷ ಕೊಟ್ಟದ್ದು ಆ ಎರಡು ಸಾಲುಗಳ ಮುಂದಿನ ಕಥೆ. ಟಾರ್ಕಿಯಲ್ಲಿ ಗೆದ್ದ ರಮೇಶ್ ತರಬೇತಿಗೆ ಇಳಿದು ಆಟಗಾರ ಪ್ರಜ್ಞಾನಂದ ಮತ್ತು ಅವರ ಅಕ್ಕ ವೈಶಾಲಿಗೆ ಗುರುವಾದರು. ಎಡಿನ್‌ಬರೋದಲ್ಲಿ ಗೆದ್ದ ಕುಂಟೆ ಭಾರತದ ಮಹಿಳಾ ತಂಡದ ಹೊಣೆ ಹೊತ್ತರು. 2022ರ ಚೆನ್ನೈ ಒಲಿಂಪಿಯಾಡ್‌ನಲ್ಲಿ ಆ ತಂಡಕ್ಕೆ ಕಂಚು, 2024ರ ಸೆಪ್ಟೆಂಬರಿನಲ್ಲಿ ಬುಡಾಪೆಸ್ಟ್‌ನಲ್ಲಿ ಚಿನ್ನ. ಮಹಿಳಾ ವಿಭಾಗದಲ್ಲಿ ಭಾರತಕ್ಕೆ ಅದೇ ಮೊದಲ ಚಿನ್ನ. ಎರಡೂ ಸಲ ತಂಡದಲ್ಲಿ ವೈಶಾಲಿ ಇದ್ದರು. ಬ್ರಿಟನ್ನಿನ ಪಟ್ಟಿಯ ಕೊನೆಯ ಇಬ್ಬರು ಭಾರತೀಯರ ದುಡಿಮೆ ಒಬ್ಬ ಆಟಗಾರ್ತಿಯಲ್ಲಿ ಕೂಡಿಕೊಂಡಿತು. ಯಾವ ಒಂದೇ ಪಟ್ಟಿಯೂ ಇದನ್ನು ಹೇಳುವುದಿಲ್ಲ. ಕುಂಟೆಯವರಿಗೆ ಕೇಂದ್ರ ಸರ್ಕಾರದ ಧ್ಯಾನ್ ಚಂದ್ ಪ್ರಶಸ್ತಿ ಬಂದದ್ದು 2021ರಲ್ಲಿ, ಈ ಎರಡು ಪದಕಗಳಿಗೂ ಮೊದಲು.

ಅವರ ನಂತರ ಪುಣೆ ಸುಮ್ಮನೆ ಕೂತಿಲ್ಲ. ಹರ್ಷಿತ್ ರಾಜಾ 2021ರಲ್ಲಿ ದೇಶದ 69ನೆಯ, ಆದಿತ್ಯ ಸಾಮಂತ್ 2023ರಲ್ಲಿ 83ನೆಯ ಗ್ರ್ಯಾಂಡ್‌ಮಾಸ್ಟರ್ ಆದರು. 2014ರ ವಿಶ್ವ ಜೂನಿಯರ್ ನಡೆದದ್ದೂ ಪುಣೆಯಲ್ಲೇ. 2025ರ ಏಪ್ರಿಲ್‌ನಲ್ಲಿ ಅಲ್ಲೇ ನಡೆದ ಮಹಿಳಾ ಗ್ರ್ಯಾನ್ ಪ್ರಿ ಗೆದ್ದವರು ಅದೇ ಹಂಪಿ. ಇನ್ನು ನಮ್ಮ ಕರ್ನಾಟಕದ ಮೊದಲ ಗ್ರ್ಯಾಂಡ್‌ಮಾಸ್ಟರ್, ಮೈಸೂರಿನ ಎಂ. ಎಸ್. ತೇಜಕುಮಾರ್, ಆ ಪದವಿ ಪಡೆದದ್ದು 2017ರಲ್ಲಿ, ದೇಶದ 50ನೆಯವರಾಗಿ. ಪುಣೆಗಿಂತ ಹದಿನೇಳು ವರ್ಷ ತಡವಾಗಿ. ಆ ಹದಿನೇಳು ವರ್ಷಗಳಲ್ಲಿ ಮೈಸೂರು, ಬೆಂಗಳೂರು, ಹುಬ್ಬಳ್ಳಿಯ ಬೋರ್ಡುಗಳ ಮೇಲೆ ನಡೆದದ್ದೂ ಇತಿಹಾಸವೇ.

ಆದ್ದರಿಂದ ಓದುಗರಲ್ಲಿ ಒಂದು ಕೋರಿಕೆ. ನಿಮ್ಮ ಮನೆಯಲ್ಲಿ ಯಾರಾದರೂ ರಾಜ್ಯ ಮಟ್ಟದಲ್ಲೋ ರಾಷ್ಟ್ರ ಮಟ್ಟದಲ್ಲೋ ಚೆಸ್ ಆಡಿದ್ದರೆ ಅವರ ಸ್ಕೋರ್‌ಶೀಟ್‌ಗಳನ್ನು, ಬುಲೆಟಿನ್‌ಗಳನ್ನು ರದ್ದಿಗೆ ಹಾಕಬೇಡಿ. ಕಾರ್ಬನ್ ಅಕ್ಷರ ಮಾಸುವ ಮುಂಚೆ ಫೋಟೊ ತೆಗೆದುಕೊಳ್ಳಿ. ಟೂರ್ನಿಯ ಹೆಸರು, ಊರು, ವರ್ಷ, ಸುತ್ತು, ಇಬ್ಬರ ಪೂರ್ತಿ ಹೆಸರು ಬರೆದಿಡಿ. ಬರೀ ಇನಿಶಿಯಲ್ ಸಾಲದು. ಆಮೇಲೆ ಒಂದು ಪ್ರತಿಯನ್ನು ಊರಿನ ಗ್ರಂಥಾಲಯಕ್ಕೋ ಜಿಲ್ಲಾ ಚೆಸ್ ಸಂಸ್ಥೆಗೋ ಕೊಡಿ.