ಹಾರುವ ಅಳಿಲಿನ ನೆಲೆಯ ಎಲ್ಲೆ: ಮಲೆನಾಡಿನಿಂದ ಆನೆಕೊಂಡದ ಬಯಲಿನವರೆಗೆ

ಸಾರಾಂಶ

ಕರ್ನಾಟಕದ ದೊಡ್ಡ ಹಾರುವ ಅಳಿಲು ಮಲೆನಾಡಿನಲ್ಲಿದೆ. ದಾವಣಗೆರೆ ನಗರದೊಳಗೆ ಸೇರಿಹೋಗಿರುವ ಆನೆಕೊಂಡದ ಸುತ್ತಲಿನ ಬಯಲಿನಲ್ಲಿ ಅದಕ್ಕೆ ನೆಲೆಯಿಲ್ಲ. ಈ ಎಲ್ಲೆಯನ್ನು ಮಳೆಯ ಪ್ರಮಾಣವೊಂದೇ ಗೊತ್ತುಮಾಡುವುದಿಲ್ಲ. ಪೊಟರೆಗಳಿರುವ ಹಳೆಯ ಮರಗಳು, ವರ್ಷವಿಡೀ ಸಿಗುವ ಆಹಾರ, ಜಾರಿ ದಾಟಬಹುದಾದಷ್ಟು ಹತ್ತಿರದ ಮರಗಳು ಇವು ಮೂರೂ ಒಟ್ಟಿಗೆ ಇರಬೇಕು ಎಂಬುದು ಈ ಲೇಖನದ ವಾದ.

ಪ್ರಭೇದಗಳು

ದಕ್ಷಿಣ ಮರಾಠಾ ಸೀಮೆಯಲ್ಲಿ, ಅಂದರೆ ಧಾರವಾಡದ ಕಡೆ, ಅಧಿಕಾರಿಯಾಗಿದ್ದ ವಾಲ್ಟರ್ ಎಲಿಯಟ್ 1839ರಲ್ಲಿ ಆ ಸೀಮೆಯ ಸ್ತನಿಗಳ ಪಟ್ಟಿಯನ್ನು ಪ್ರಕಟಿಸಿದರು. ಪೆಟಾರಿಸ್ಟಾ ಫಿಲಿಪ್ಪೆನ್ಸಿಸ್ ಎಂದು ಇಂದು ಕರೆಯುವ ದೊಡ್ಡ ಹಾರುವ ಅಳಿಲಿಗೆ ವೈಜ್ಞಾನಿಕ ಹೆಸರು ದೊರೆತದ್ದು ಆ ಬರಹದಿಂದ. ಮಲೆನಾಡಿಗರಿಗೆ ಇದು ಹಾರುಬೆಕ್ಕು. ತಲೆ ಮತ್ತು ಮೈ ಸೇರಿ ಸುಮಾರು 43 ಸೆಂ.ಮೀ. ಉದ್ದವಿದ್ದು, ಬಾಲ ಅದಕ್ಕಿಂತಲೂ ಉದ್ದ. ಪೆಟಿನೊಮಿಸ್ ಫಸ್ಕೊಕ್ಯಾಪಿಲಸ್ ಎಂಬ ಸಣ್ಣ ತಿರುವಾಂಕೂರು ಹಾರುವ ಅಳಿಲು ದಕ್ಷಿಣದ ಪಶ್ಚಿಮಘಟ್ಟದ್ದು, ಹೆಚ್ಚು ವಿರಳ. ಮೈಸೂರು ವಿಶ್ವವಿದ್ಯಾನಿಲಯದ ಮೇವಾ ಸಿಂಗ್ ಅವರೊಡನೆ ಎಚ್.ಎನ್. ಕುಮಾರ ಅವರು 2006ರಲ್ಲಿ ಪ್ರಕಟಿಸಿದ ಅಧ್ಯಯನವು ರಾಜ್ಯದಲ್ಲಿ ಕೆಂದಳಿಲು ಮತ್ತು ಹಾರುವ ಅಳಿಲುಗಳ ಹರವನ್ನು ಒಟ್ಟಾಗಿ ಪರಿಶೀಲಿಸಿದೆ.

ಜಾರುವ ಬಗೆ ಮತ್ತು ಅದರ ಮಿತಿ

ದೊಡ್ಡ ಹಾರುವ ಅಳಿಲು ಬಾವಲಿಯಂತೆ ರೆಕ್ಕೆ ಬಡಿಯುವುದಿಲ್ಲ. ಮುಂಗಾಲು ಹಿಂಗಾಲುಗಳ ನಡುವೆ ತುಪ್ಪುಳು ತುಂಬಿದ ಚರ್ಮದ ಪೊರೆಯಿದೆ. ಮಣಿಕಟ್ಟಿನಿಂದ ಹೊರಚಾಚುವ ಮೃದ್ವಸ್ಥಿಯ ಕಡ್ಡಿಯೊಂದು ಪೊರೆಯ ಅಂಚನ್ನು ಬಿಗಿಹಿಡಿಯುತ್ತದೆ. ಎತ್ತರದ ಕೊಂಬೆಯಿಂದ ಜಿಗಿದು, ಕೈಕಾಲು ಚಾಚಿ ಜಾರಿಬಂದು, ಕೊನೆಯಲ್ಲಿ ಮೈಯನ್ನು ಮೇಲಕ್ಕೆತ್ತಿ ವೇಗ ತಗ್ಗಿಸಿಕೊಂಡು ಕಾಂಡಕ್ಕೆ ಅಂಟಿಕೊಳ್ಳುತ್ತದೆ. ಮತ್ತೆ ಜಾರಬೇಕಾದರೆ ಆ ಮರವನ್ನು ಹತ್ತಲೇಬೇಕು.

ಜಪಾನಿನ ದೊಡ್ಡ ಹಾರುವ ಅಳಿಲುಗಳನ್ನು ಅಳೆದಾಗ, ಒಂದು ಮೀಟರ್ ಕೆಳಗಿಳಿಯುವಷ್ಟರಲ್ಲಿ ಸರಾಸರಿ ಎರಡು ಮೀಟರಿಗೆ ತುಸು ಕಡಿಮೆ ಮುಂದೆ ಸಾಗುವುದು ಕಂಡುಬಂದಿದೆ. ನಮ್ಮ ಪ್ರಭೇದಕ್ಕೂ ಇದೇ ಪ್ರಮಾಣವೆಂದು ಹಿಡಿದರೆ, 25 ಮೀಟರ್ ಎತ್ತರದಿಂದ ಜಿಗಿದು 5 ಮೀಟರ್ ಎತ್ತರದಲ್ಲಿ ಇಳಿಯುವ ಪ್ರಾಣಿ ದಾಟುವುದು ಸುಮಾರು 40 ಮೀಟರಿನೊಳಗೆ. ಇಳಿಜಾರಿನ ಕಾಡಿನಲ್ಲಿ ಈ ದೂರ ಹೆಚ್ಚಬಹುದು; ಸಮತಟ್ಟಾದ ಬಯಲಿನಲ್ಲಿ ಮರದ ಎತ್ತರವೇ ಮಿತಿ. ಭದ್ರಾ ನಾಲೆಯ ನೀರು ಕಂಡ ದಾವಣಗೆರೆ, ಹರಿಹರದ ಭತ್ತದ ಗದ್ದೆಗಳ ವಿಸ್ತಾರ ಇದಕ್ಕೆ ದಾಟಲಾಗದ ಅಂತರ.

ಆಹಾರ

ಎಲೆ, ಚಿಗುರು, ತೊಗಟೆ, ಬೀಜ, ಹಣ್ಣು ಇದರ ಆಹಾರ. ನಾರಿನ ಎಲೆಯನ್ನು ಹುದುಗಿಸಿ ಜೀರ್ಣಿಸಲು ದೊಡ್ಡ ಅಂಧಾಂತ್ರವಿದೆ. ಪಶ್ಚಿಮಘಟ್ಟದ ಮಳೆಕಾಡಿನ ಒಂದು ತುಣುಕಿನಲ್ಲಿ ಆರ್. ನಂದಿನಿ ಮತ್ತು ಎನ್. ಪಾರ್ಥಸಾರಥಿ ನಡೆಸಿ 2008ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಅತ್ತಿಮರವೇ ಇದರ ಮುಖ್ಯ ಆಹಾರಮೂಲವಾಗಿ ಕಂಡಿತು. ಅತ್ತಿಯ ಜಾತಿಯ ಮರಗಳು ಒಂದೇ ಕಾಲಕ್ಕೆ ಹಣ್ಣು ಬಿಡುವುದಿಲ್ಲ. ಒಂದರ ಫಸಲು ಮುಗಿಯುವ ಹೊತ್ತಿಗೆ ಇನ್ನೊಂದು ಕಾಯಿ ಕಟ್ಟಿರುತ್ತದೆ. ಬೇರೆ ಹಣ್ಣಿಲ್ಲದ ತಿಂಗಳುಗಳಲ್ಲಿ ಅತ್ತಿ ಆಸರೆಯಾಗುವುದು ಹೀಗೆ.

ವರ್ತನೆ

ಹಗಲೆಲ್ಲ ಪೊಟರೆಯಲ್ಲಿದ್ದು ಮುಸ್ಸಂಜೆಯಲ್ಲಿ ಹೊರಬೀಳುತ್ತದೆ. ಹಗಲಿನಲ್ಲಿ ಕೆಂದಳಿಲು ಬಳಸುವ ಕೊಂಬೆಗಳೇ ಇರುಳಿನಲ್ಲಿ ಇದರ ಹಾದಿ. ಕಾಲ ಬೇರೆಯಾದ್ದರಿಂದ ಒಂದೇ ಕಾಡಿನಲ್ಲಿ ಎರಡೂ ಬಾಳಬಲ್ಲವು. ಸಾಮಾನ್ಯವಾಗಿ ಒಂಟಿಯಾಗಿ ಅಥವಾ ಜೋಡಿಯಾಗಿ ಕಾಣಸಿಗುತ್ತದೆ. ಹೆಣ್ಣು ಸಾಮಾನ್ಯವಾಗಿ ಒಮ್ಮೆಗೆ ಒಂದೇ ಮರಿ ಹಾಕುವುದರಿಂದ, ಬೇಟೆಯಿಂದ ಕುಗ್ಗಿದ ಸಂಖ್ಯೆ ಬೇಗ ಚೇತರಿಸಿಕೊಳ್ಳದು.

ಚರ್ಚೆ

ದಾವಣಗೆರೆ ಜಿಲ್ಲೆಯ ವಾರ್ಷಿಕ ಮಳೆ ಸುಮಾರು 650 ಮಿ.ಮೀ.; ಆಗುಂಬೆಯದು ಅದರ ಹತ್ತು ಪಟ್ಟಿಗೂ ಹೆಚ್ಚು. ಹಾಗಾಗಿ ಒಣ ಹವೆಯೇ ಇದನ್ನು ಬಯಲಿನಿಂದ ದೂರವಿಟ್ಟಿದೆ ಎನಿಸುವುದು ಸಹಜ. ಆದರೆ ರಾಜಸ್ಥಾನದ ಸೀತಾಮಾತಾ ಅಭಯಾರಣ್ಯದ ಒಣ ಎಲೆಯುದುರುವ ಕಾಡಿನಲ್ಲಿ ಇದೇ ಪ್ರಭೇದ ಹಳೆಯ ಇಪ್ಪೆಮರಗಳನ್ನು ನೆಚ್ಚಿಕೊಂಡು ಬದುಕಿದೆ. ಮಳೆ ಕಡಿಮೆಯಾದರೂ ಪೊಟರೆ ಮತ್ತು ಮೇವು ಕೊಡುವ ಮರಗಳು ಒತ್ತಾಗಿ ನಿಂತಿದ್ದರೆ ಇದಕ್ಕೆ ನೆಲೆಯುಂಟು. ಜಗಳೂರು ತಾಲ್ಲೂಕಿನ ರಂಗಯ್ಯನದುರ್ಗದ ಕುರುಚಲು ಕಾಡು ಕೊಂಡುಕುರಿಗೆ ತಕ್ಕ ನೆಲೆ. ಜಾರುವ ಅಳಿಲಿಗೆ ಬೇಕಾದ ಎತ್ತರ ಅಲ್ಲಿಲ್ಲ.

ಇದರಿಂದ ಸಂರಕ್ಷಣೆಗೆ ಹೊರಡುವ ತೀರ್ಮಾನ ಸ್ಪಷ್ಟವಾಗಿದೆ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ಪ್ರಾಣಿಯನ್ನು ಬೇಟೆಯಿಂದ ಕಾಯುತ್ತದೆ. ಅದರ ಪೊಟರೆಯನ್ನು ಕಾಯಲು ಮರವನ್ನೇ ಉಳಿಸಬೇಕು. ಶೆಟ್ಟಿಹಳ್ಳಿ, ಭದ್ರಾ ಕಾಡುಗಳ ಅಂಚಿನಲ್ಲಿ ಟೊಳ್ಳು ಬಿದ್ದ ಮರವನ್ನು ನಿರುಪಯುಕ್ತವೆಂದು ಕಡಿಯುವುದನ್ನು ನಿಲ್ಲಿಸಬೇಕು. ರಸ್ತೆ ಅಗಲಿಸುವಾಗ ಅಲ್ಲಲ್ಲಿ ಎರಡೂ ಬದಿಯ ಎತ್ತರದ ಮರಗಳನ್ನು ಜಾರಬಲ್ಲ ದೂರದಲ್ಲಿ ಉಳಿಸಿಕೊಳ್ಳಬೇಕು. ಹೊಸದಾಗಿ ಅಕೇಶಿಯಾ ನೆಡುವಲ್ಲಿ ಅತ್ತಿ, ಬಸರಿಗಳಿಗೆ ಜಾಗ ಕೊಡಬೇಕು. ಪೊಟರೆಗೆ ತಕ್ಕಷ್ಟು ದಪ್ಪವಾಗಲು ಮರಕ್ಕೆ ಹಲವು ದಶಕಗಳೇ ಬೇಕು. ಆದ್ದರಿಂದ ಸಸಿ ನೆಡುವುದಕ್ಕಿಂತ ಮೊದಲು, ಈಗ ನಿಂತಿರುವ ಮುದಿಮರಗಳನ್ನು ಉಳಿಸುವುದೇ ಅರಣ್ಯ ಯೋಜನೆಗಳ ಮೊದಲ ಕೆಲಸವಾಗಬೇಕು.