ನಡುಮನೆಯಿಂದ ಹೊರಟ ಹಾಡು

ನಮ್ಮ ಕುರುಬರಹಳ್ಳಿ ಕಡೆ ಧನುರ್ಮಾಸ ಬಂದ್ರೆ ಭಜನೆ, ಡಿಸೆಂಬರ್ ಕೊನೇಲಿ ಕ್ರಿಸ್‌ಮಸ್ ಹಾಡು. ದೇವ್ರು ಯಾರಾದ್ರೂ ಆಗ್ಲಿ, ಮಕ್ಕಳು ಹಾಡು ಕಲಿಯೋದು ಹೆಚ್ಚಾಗಿ ಮನೇಲೇ. ನಿಘಂಟಿನ ಕಿಟ್ಟೆಲ್ ಸಾಹೇಬರು 1862ರಲ್ಲೇ ಯೇಸುವಿನ ಕತೆಯನ್ನ ಕನ್ನಡ ಪದ್ಯದಲ್ಲಿ ಕೂರಿಸಿ 'ಕಥಾಮಾಲೆ' ಬರೆದಿದ್ರು. ಪದ್ಯವಾದ್ರೆ ಬಾಯಲ್ಲಿ ನಿಲ್ಲುತ್ತೆ ಅಲ್ವಾ? ಇವತ್ತು ಹೇಳ್ತಿರೋದು ದೂರದ ಅಮೆರಿಕದ್ದು. ಒಂದು ಮನೆಯವರು ಕೂತು ಕಲಿತ ದೇವರ ಹಾಡು ಇಡೀ ದೇಶಕ್ಕೇ ಕೇಳಿಸಿದ ಕತೆ.

ಯಜಮಾನನ ಹೆಸರು ರೋಬಕ್ ಸ್ಟೇಪಲ್ಸ್, ಎಲ್ಲರ ಬಾಯಲ್ಲಿ 'ಪಾಪ್ಸ್'. ಹುಟ್ಟಿದ್ದು 1914ರಲ್ಲಿ, ಮಿಸಿಸಿಪ್ಪಿಯಲ್ಲಿ. ಹತ್ತಿ ಹೊಲದಲ್ಲಿ ಬೆಳೆದ ಕರಿಯರ ಹುಡುಗ. ಕೂಲಿ ಸಾಲದೆ ಹೆಂಡತಿ ಓಸಿಯೋಲಾ ಜೊತೆ 1936ರಲ್ಲಿ ಶಿಕಾಗೋಗೆ ಬಂದು ಕಸಾಯಿಖಾನೆ ಕೆಲಸಕ್ಕೆ ಸೇರಿದ. ಚರ್ಚಿನ ಹಾಡುಗಾರರ ಗುಂಪೊಂದಕ್ಕೂ ಸೇರಿದ್ದ. ಆದ್ರೆ ಅಲ್ಲಿನವರು ಅಭ್ಯಾಸಕ್ಕೇ ಸರಿಯಾಗಿ ಬರ್ತಿರ್ಲಿಲ್ಲ. ಬೇಜಾರಾಗಿ ಮನೆಗೆ ಬಂದವನು ಮಕ್ಕಳನ್ನೇ ನೆಲದ ಮೇಲೆ ಸುತ್ತ ಕೂರಿಸಿ, ಗಿಟಾರ್ ಹಿಡಿದು ಒಬ್ಬೊಬ್ಬರಿಗೂ ಒಂದೊಂದು ಸ್ವರ ಹಂಚಿಕೊಟ್ಟ. 1948ರಲ್ಲಿ ಶಿಕಾಗೋ ಚರ್ಚುಗಳಲ್ಲಿ ಹಾಡೋಕೆ ಶುರು ಮಾಡಿದ್ರು. ಹೀಗೆ ಹುಟ್ಟಿದ್ದು 'ಸ್ಟೇಪಲ್ ಸಿಂಗರ್ಸ್'. ಕ್ಲಿಯೋಥಾ, ಪರ್ವಿಸ್, ಮೇವಿಸ್, ಆಮೇಲೆ ಇವಾನ್. 1956ರಲ್ಲಿ ಬಂದ ರೆಕಾರ್ಡಿನಲ್ಲಿ ಮೇವಿಸ್ ದನಿ ಎಷ್ಟು ಗಟ್ಟಿ ಅಂದ್ರೆ, ಇದು ಯಾವುದೋ ಗಂಡಸಿನ ದನಿ ಅಂದ್ಕೊಂಡವರೇ ಜಾಸ್ತಿ. ಆಕೆಗಿನ್ನೂ ಹದಿನೇಳು.

ಇಲ್ಲಿಂದ ಮುಂದೆ ಬರೀ ಹಾಡಿನ ಮಾತಲ್ಲ. 1957ರಲ್ಲಿ ಲಿಟಲ್ ರಾಕ್ ಅನ್ನೋ ಊರಲ್ಲಿ ಒಂಬತ್ತು ಕರಿಯ ಮಕ್ಕಳು ಬಿಳಿಯರ ಶಾಲೆಗೆ ಸೇರೋಕೆ ಹೋದ್ರೆ ಬಾಗಿಲಲ್ಲೇ ತಡೆದ್ರು. ಅದನ್ನ ನೆನೆದು ಪಾಪ್ಸ್ ಒಂದು ಹಾಡು ಕಟ್ಟಿದ. ನಮ್ಮನ್ನ ಯಾಕೆ ಹೀಗೆ ನಡೆಸಿಕೊಳ್ತೀರಿ ಅಂತ ಕೇಳೋ ಹಾಡು. ಮಾರ್ಟಿನ್ ಲೂಥರ್ ಕಿಂಗ್ ಅವರಿಗೆ ಅದು ತುಂಬಾ ಇಷ್ಟ. ಕಿಂಗ್ ಬೋಧನೆ ಕೇಳಿ ಬಂದ ದಿನ ಪಾಪ್ಸ್ ಮಕ್ಕಳಿಗೆ ಹೇಳಿದ್ದೂ ಇದೇ ಅರ್ಥದ ಮಾತು: ಅವರು ಬೋಧಿಸೋದನ್ನ ನಾವು ಹಾಡಬಹುದು.

1968ರಲ್ಲಿ ಸ್ಟ್ಯಾಕ್ಸ್ ಕಂಪನಿ ಸೇರಿದ್ರು. 1972ರಲ್ಲಿ ಅವರ ಹಾಡೊಂದು ಅಮೆರಿಕದ ಪಟ್ಟಿಯಲ್ಲಿ ಮೊದಲನೇ ಜಾಗಕ್ಕೆ ಹೋಯ್ತು. ಚರ್ಚಿನ ಕೆಲವರಿಗೆ ಇದು ಸರಿ ಬರಲಿಲ್ಲ. ದೇವರ ಹಾಡು ಬಿಟ್ಟು ಕುಣಿತದ ಹಾಡಿಗೆ ಹೋದ್ರು ಅಂದ್ರು. ಇದು ದೇವರ ಮಾತೇ ಅಂತ ಮೇವಿಸ್ ವಾದ. ನನಗೂ ಆಕೆ ಮಾತೇ ಸರಿ ಅನ್ಸುತ್ತೆ. ದೇವರ ಮುಂದೆ ನಾವೆಲ್ಲ ಒಂದೇ ಅಂತ ಹಾಡಿ, ಹೊರಗೆ ಬಂದು ಶಾಲೆ ಬಾಗಿಲು ಮುಚ್ಚಿದ್ರೆ ಆ ಹಾಡಿಗೆ ಏನು ಬೆಲೆ? ಬೀದಿಗೆ ಬಂದಾಗಲೇ ಅದರ ನಿಜ ಪರೀಕ್ಷೆ.

ಪಾಪ್ಸ್ 2000ದಲ್ಲಿ ತೀರಿಕೊಂಡ್ರು. ಅದಕ್ಕೆ ಒಂದು ವರ್ಷ ಮುಂಚೆ ಈ ಮನೆಯವರ ಹೆಸರು ಅಮೆರಿಕದ ರಾಕ್ ಸಂಗೀತದ ಗೌರವ ಪಟ್ಟಿಗೆ ಸೇರಿತ್ತು. ಓಸಿಯೋಲಾ ಮಾತ್ರ ಈ ಗುಂಪಲ್ಲಿ ಹಾಡಿದವರಲ್ಲ. ಆದ್ರೂ ಐದು ಮಕ್ಕಳ ಮನೆ ನಡೆಸೋದು ಅಂದ್ರೆ ಏನು ಅಂತ ನಮಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಆ ಹಾಡುಗಳನ್ನ ಕೇಳಿದಾಗ ಆ ತಾಯಿ ಹೆಸರನ್ನೂ ಒಂದ್ಸಲ ನೆನೀರಿ.