ದುಃಖಿತರ ನೆನಪು, ಬಂಧುಗಳ ಮಾತು: ಸಿಯಾಟಲ್‌ನ ಒಂದು ಆಕರ

ಸಾವಿನ ಕುರಿತ ಕುಟುಂಬದ ನೆನಪುಗಳನ್ನು ಮೌಖಿಕ ಚರಿತ್ರೆಗೆ ಬಳಸುವವರು ಮರೆವಿನ ಬಗ್ಗೆ ಎಚ್ಚರವಾಗಿರುತ್ತಾರೆ, ಸೇರ್ಪಡೆಯ ಬಗ್ಗೆ ಅಷ್ಟಾಗಿ ಅಲ್ಲ. ಆಪ್ತರ ಮಾತು ದುಃಖಿತರ ಸ್ವಂತ ನೆನಪಾಗಿಬಿಡುವ ಬಗೆಯನ್ನು ಈ ಟಿಪ್ಪಣಿ ಪರಿಶೀಲಿಸುತ್ತದೆ.

ಎಲಿಜಬೆತ್ ಲಾಫ್ಟಸ್ 2002ರವರೆಗೆ ಸುಮಾರು ಮೂರು ದಶಕ ಸಿಯಾಟಲ್‌ನ ವಾಷಿಂಗ್ಟನ್ ವಿಶ್ವವಿದ್ಯಾಲಯದಲ್ಲಿದ್ದ ಮನೋವಿಜ್ಞಾನಿ. ಅವರಿಗೆ 14 ವರ್ಷವಿದ್ದಾಗ, 1959ರಲ್ಲಿ, ತಾಯಿ ಈಜುಕೊಳದಲ್ಲಿ ಮುಳುಗಿ ತೀರಿಕೊಂಡರು. ಮೂರು ದಶಕಗಳ ನಂತರ, ಹಿರಿಯರೊಬ್ಬರ 90ನೇ ಹುಟ್ಟುಹಬ್ಬಕ್ಕೆ ಹೋದಾಗ, ಶವವನ್ನು ಮೊದಲು ಕಂಡವರು ಲಾಫ್ಟಸ್ ಅವರೇ ಎಂದು ಬಂಧುವೊಬ್ಬರು ಹೇಳಿದರು. ಅದುವರೆಗೆ ಇಲ್ಲದಿದ್ದ ದೃಶ್ಯಗಳು ಲಾಫ್ಟಸ್ ಅವರಿಗೆ ಸ್ಪಷ್ಟವಾಗಿ ಕಾಣತೊಡಗಿದವು. ಕೆಲವೇ ದಿನಗಳಲ್ಲಿ ಸೋದರನ ಫೋನ್ ಬಂತು: ಹೇಳಿದವರದೇ ತಪ್ಪು, ಶವವನ್ನು ಕಂಡವರು ಮನೆಯ ಇನ್ನೊಬ್ಬ ಹೆಂಗಸು.

ಈ ಪ್ರಸಂಗಕ್ಕೆ ಪೂರಕವಾದದ್ದು, ಲಾಫ್ಟಸ್ ಮತ್ತು ಜಾಕ್ವೆಲಿನ್ ಪಿಕ್ರೆಲ್ 1995ರಲ್ಲಿ ಪ್ರಕಟಿಸಿದ ಪ್ರಯೋಗ. 24 ಜನರಿಗೆ, ಬಂಧುಗಳಿಂದ ಸಂಗ್ರಹಿಸಿದ ಮೂರು ನಿಜ ಘಟನೆಗಳ ಜೊತೆ, ಬಾಲ್ಯದಲ್ಲಿ ಮಾಲ್‌ನಲ್ಲಿ ಕಳೆದುಹೋದ ಒಂದು ಕಟ್ಟುಕತೆಯನ್ನೂ ಕೊಡಲಾಯಿತು. ಏಳು ಮಂದಿ ಅದನ್ನು ಪೂರ್ತಿಯಾಗಿಯೋ ಭಾಗಶಃವೋ ‘ನೆನಪಿಸಿಕೊಂಡರು’.

ಇವೆರಡಕ್ಕೂ ಮಿತಿಗಳಿವೆ. ಮಾಲ್‌ನಲ್ಲಿ ಕಳೆದುಹೋಗುವುದು ತಾಯಿಯ ಸಾವಿಗೆ ಸಮವಲ್ಲ. ಮೇಲಾಗಿ 24ರಲ್ಲಿ 17 ಮಂದಿ ಕಟ್ಟುಕತೆಯನ್ನು ಒಪ್ಪಲಿಲ್ಲ. ತಾಯಿಯ ಸಾವಿನ ಪ್ರಸಂಗವಾದರೂ ನಮಗೆ ದೊರೆತಿರುವುದು ಲಾಫ್ಟಸ್ ಅವರ ನೆನಪಿನಿಂದಲೇ. ಆದ್ದರಿಂದ ದುಃಖಿತರ ನೆನಪೆಲ್ಲ ಸುಳ್ಳು ಎಂಬ ತೀರ್ಮಾನಕ್ಕೆ ಇಲ್ಲಿ ಆಧಾರವಿಲ್ಲ. ವಿವರ ಎಷ್ಟೇ ಸ್ಪಷ್ಟವಾಗಿದ್ದರೂ ಅದು ಕಂಡದ್ದೋ ಕೇಳಿದ್ದೋ ಎಂಬುದು ಆ ಸ್ಪಷ್ಟತೆಯಿಂದ ಮಾತ್ರ ತಿಳಿಯದು ಎನ್ನಲು ಆಧಾರವಿದೆ.

ವಲಸೆ ಕುಟುಂಬಗಳ ವಿಷಯದಲ್ಲಿ ಇದು ಮುಖ್ಯ. ಸಿಯಾಟಲ್ ಬಳಿಯ ಬೆಲ್‌ವ್ಯೂ, ರೆಡ್ಮಂಡ್‌ಗಳಲ್ಲಿರುವ ಕನ್ನಡಿಗರಿಗೂ ಊರಿಗೂ ಚಳಿಗಾಲದಲ್ಲಿ ಹದಿಮೂರೂವರೆ ಗಂಟೆಗಳ ಅಂತರ. ತಂದೆತಾಯಿಯ ಕೊನೆಯ ಗಳಿಗೆ ಅನೇಕರಿಗೆ ಫೋನಿನಲ್ಲಿ ಕೇಳಿದ್ದು ಮಾತ್ರ. ಆಮೇಲೆ ವೈಕುಂಠ ಸಮಾರಾಧನೆಯಲ್ಲಿ, ವರ್ಷದ ತಿಥಿಯಲ್ಲಿ, ಅಣ್ಣ ಹೇಳಿದ್ದು, ಅತ್ತೆ ತಿದ್ದಿದ್ದು ಎಲ್ಲ ಸೇರಿ ಒಂದೇ ಕಥೆಯಾಗುತ್ತದೆ. ಹಲವರು ಒಂದೇ ರೀತಿ ಹೇಳಿದರೆಂದು ಅದನ್ನು ಹಲವು ಸಾಕ್ಷ್ಯವೆಂದು ಎಣಿಸಲಾಗದು. ಮೂಲ ಒಂದೇ ಇರಬಹುದು.

ಇಂಥ ನೆನಪುಗಳನ್ನು ದಾಖಲಿಸುವವರು ಪ್ರತಿಯೊಬ್ಬರನ್ನೂ ಬೇರೆಬೇರೆಯಾಗಿ ಮಾತಾಡಿಸಬೇಕು. ಪ್ರತಿ ವಿವರದ ಮುಂದೆ ‘ಸ್ವತಃ ಕಂಡದ್ದು’, ‘ಇಂಥವರಿಂದ ಕೇಳಿದ್ದು’ ಎಂದು ನಮೂದಿಸಬೇಕು. ಹೇಳುವವರಿಗೇ ಖಚಿತವಿಲ್ಲದಿದ್ದರೆ ಅದನ್ನೂ ಹಾಗೆಯೇ ಬರೆದಿಡಬೇಕು.